ಯಾರಿಗೂ ಇಲ್ಲ ಅನ್ನದ ನೀರು

ಚರ್ಚಿನ ಬಾಗಿಲ ಪಕ್ಕದಲ್ಲಿ ಗೋಡೆಗೆ ಒಂದು ಸಣ್ಣ ಬಟ್ಟಲು ಇರುತ್ತದೆ. ಕಲ್ಲಿನದೋ, ಪಿಂಗಾಣಿಯದೋ, ಹಿತ್ತಾಳೆಯದೋ. ಒಳಗೆ ಬರುವವರು ಅದರಲ್ಲಿ ಬೆರಳ ತುದಿ ಅದ್ದುತ್ತಾರೆ. ಹಣೆ, ಎದೆ, ಎರಡೂ ಭುಜ ಮುಟ್ಟಿ ಶಿಲುಬೆ ಗುರುತು ಹಾಕಿಕೊಳ್ಳುತ್ತಾರೆ. ಒಂದು ಗಳಿಗೆಯ ಕೆಲಸ. ಹುಟ್ಟಿನಿಂದ ಕಥೋಲಿಕರಾದವರಿಗೆ ಇದು ಎಷ್ಟು ರೂಢಿಯಾಗಿರುತ್ತದೆ ಅಂದರೆ, ತಲೆಯಲ್ಲಿ ಬೇರೇನೋ ಓಡುತ್ತಿದ್ದರೂ ಕೈ ತಾನಾಗಿ ಅತ್ತ ಹೋಗುತ್ತದೆ. ನನ್ನ ಕೈಯೂ ಹಾಗೇ.

ಆ ತೀರ್ಥ ಜ್ಞಾನಸ್ನಾನದ, ಅಂದರೆ ಒಬ್ಬರನ್ನು ಕ್ರೈಸ್ತರಾಗಿ ಸೇರಿಸಿಕೊಳ್ಳುವ ನೀರಿನ ಸ್ನಾನದ ನೆನಪು. ಕೂಸಾಗಿದ್ದಾಗ ತಲೆ ಮೇಲೆ ಬಿದ್ದ ನೀರು ಯಾರಿಗೆ ನೆನಪಿರುತ್ತದೆ? ಅದಕ್ಕೇ ಪ್ರತಿ ಸಲ ಬಾಗಿಲಲ್ಲೇ ನೆನಪು ಮಾಡಿಕೊಡುತ್ತಾರೆ, ನೀನು ಒಳಗೆ ಬಂದಿದ್ದು ಈ ನೀರಿನಿಂದ ಅಂತ. ದೇವರ ಕೃಪೆಯನ್ನು ಮನುಷ್ಯರಿಗೆ ಮುಟ್ಟಿಸಲು ಅಪರೂಪದ, ದುಬಾರಿಯ ವಸ್ತುವೊಂದನ್ನು ಆರಿಸಿಕೊಳ್ಳಬಹುದಿತ್ತು. ಬಂದಿದ್ದು ನೀರು. ಇದರ ಬಗ್ಗೆ ಓದುತ್ತಾ, ಯೋಚಿಸುತ್ತಾ ಹೋದಷ್ಟೂ ನನಗೆ ಒಂದು ವಿಷಯ ಗಟ್ಟಿಯಾಗುತ್ತಾ ಬಂದಿದೆ. ಯಾರಿಗೂ ಇಲ್ಲ ಅನ್ನಬಾರದು ಅಂತಲೇ ಅಲ್ಲಿ ನೀರಿದೆ. ಇದನ್ನು ಮರೆತಾಗಲೆಲ್ಲ ಕ್ರೈಸ್ತರು ತಾವೂ ನೊಂದಿದ್ದಾರೆ, ಬೇರೆಯವರನ್ನೂ ನೋಯಿಸಿದ್ದಾರೆ.

ಮೊದಲ ಕ್ರೈಸ್ತರು ನೀರಿನ ವಿಷಯದಲ್ಲಿ ಎಷ್ಟು ಧಾರಾಳವಾಗಿದ್ದರು ಅನ್ನುವುದು ತಿಳಿದಾಗ ನನಗೆ ಬಹಳ ಸಂತೋಷವಾಯಿತು. ದಿದಾಖೆ ಎಂಬ ಚಿಕ್ಕ ಗ್ರೀಕ್ ಪುಸ್ತಕವೊಂದಿದೆ. ಬೈಬಲಿನ ಹೊಸ ಒಡಂಬಡಿಕೆಯ ಕಾಲಕ್ಕೆ ಬಹಳ ಹತ್ತಿರದ್ದು. ನೂರಾರು ವರ್ಷ ಅದು ಯಾರ ಕೈಗೂ ಸಿಕ್ಕಿರಲಿಲ್ಲ. 1873ರಲ್ಲಿ ಕಾನ್‌ಸ್ಟಾಂಟಿನೋಪಲ್‌ನಲ್ಲಿ ಅದರ ಹಸ್ತಪ್ರತಿ ಸಿಕ್ಕಿತು. ಜ್ಞಾನಸ್ನಾನ ಹೇಗೆ ಕೊಡಬೇಕು ಅಂತ ಅದರಲ್ಲಿ ಬರೆದಿದ್ದಾರೆ. ಹರಿಯುವ ನೀರಿನಲ್ಲಿ ಕೊಡಿ. ಹರಿಯುವ ನೀರಿಲ್ಲವೇ, ಬೇರೆ ನೀರಾದರೂ ಆಗಬಹುದು. ತಣ್ಣೀರಲ್ಲಿ ಆಗದಿದ್ದರೆ ಬಿಸಿನೀರಲ್ಲಿ ಕೊಡಿ. ಅದೂ ಸಾಕಷ್ಟು ಇಲ್ಲವೇ, ತಲೆ ಮೇಲೆ ಮೂರು ಸಲ ಸುರಿಯಿರಿ. ಹೆಜ್ಜೆ ಹೆಜ್ಜೆಗೂ ಒಂದೊಂದು ಷರತ್ತನ್ನು ಕೈಬಿಡುತ್ತಾ ಹೋಗಿದ್ದಾರೆ. ಬರೆದವರ ಕಣ್ಣೆದುರು ಯಾರೋ ಮುದುಕರು, ಕಾಯಿಲೆಯವರು, ನೀರೇ ಇಲ್ಲದ ಕಡೆ ಇರುವವರು ಇದ್ದಿರಬೇಕು ಅನ್ನಿಸುತ್ತದೆ.

ಸುಮಾರು 200ರ ಹೊತ್ತಿಗೆ ಉತ್ತರ ಆಫ್ರಿಕಾದ ಕಾರ್ಥೇಜಿನ ಕ್ರೈಸ್ತ ಲೇಖಕ ತೆರ್ತುಲಿಯನ್ ಇದನ್ನೇ ಇನ್ನೂ ಬಿಡಿಸಿ ಹೇಳಿದ. ಸಮುದ್ರವಾಗಲಿ, ಕೆರೆಯಾಗಲಿ, ಹೊಳೆಯಾಗಲಿ, ತೊಟ್ಟಿಯಾಗಲಿ, ಎಲ್ಲ ಒಂದೇ ಅಂದ. ಯೇಸುವಿಗೇ ಸ್ನಾನ ಕೊಟ್ಟ ಯೊವಾನ್ನ ಜೋರ್ಡನ್ ನದಿಯಲ್ಲಿ ಕೊಟ್ಟ ಸ್ನಾನಕ್ಕೂ, ಯೇಸುವಿನ ಶಿಷ್ಯ ಪೇತ್ರ ರೋಮಿನ ಟೈಬರ್ ನದಿಯಲ್ಲಿ ಕೊಟ್ಟ ಸ್ನಾನಕ್ಕೂ ನೀರಿನಿಂದಾಗಿ ವ್ಯತ್ಯಾಸವೇನೂ ಇಲ್ಲ ಅಂದ. ತೆರ್ತುಲಿಯನ್ ಬಹಳ ಕಡಕ್ ಮನುಷ್ಯ. ಕೊನೆಗೆ ತನ್ನ ಸಭೆಯೇ, ಅಂದರೆ ತಾನಿದ್ದ ಕ್ರೈಸ್ತ ಸಮುದಾಯವೇ ಸಡಿಲವಾಯಿತು ಅಂತ ಅದಕ್ಕಿಂತ ಕಟ್ಟುನಿಟ್ಟಿನ ಪಂಗಡವನ್ನು ಸೇರಿದ. ಅಂಥವನೂ ನೀರಿನ ವಿಷಯಕ್ಕೆ ಬಂದಾಗ ಯಾವ ತಕರಾರನ್ನೂ ಎತ್ತಲಿಲ್ಲ.

ಇಲ್ಲಿ ಒಂದು ಮಾತು ಬಿಡಿಸಿ ಹೇಳಬೇಕು, ಏಕೆಂದರೆ ನಮ್ಮವರಲ್ಲೇ ಇದರ ಬಗ್ಗೆ ಗೊಂದಲ ಜಾಸ್ತಿ. ಜ್ಞಾನಸ್ನಾನ ಸಂಸ್ಕಾರ. ಬಾಗಿಲ ಬಳಿಯ ತೀರ್ಥ ಸಂಸ್ಕಾರವಲ್ಲ. ಜ್ಞಾನಸ್ನಾನ, ದೃಢೀಕರಣ, ಪರಮಪ್ರಸಾದ (ಪೂಜೆಯಲ್ಲಿ ಕೊಡುವ ರೊಟ್ಟಿ, ದ್ರಾಕ್ಷಾರಸ), ಪಾಪನಿವೇದನೆ, ರೋಗಿಗಳ ಅಭ್ಯಂಗ, ಗುರುದೀಕ್ಷೆ, ವಿವಾಹ, ಈ ಏಳೇ ಸಂಸ್ಕಾರಗಳು ಎಂದು ಕಥೋಲಿಕ ಧರ್ಮಸಭೆ 1547ರಲ್ಲಿ ಟ್ರೆಂಟ್ ಮಹಾಸಭೆಯಲ್ಲಿ ಕಟ್ಟುನಿಟ್ಟಾಗಿ ಸಾರಿತು. ತೀರ್ಥ, ವಿಭೂತಿ ಬುಧವಾರದ ಬೂದಿ, ಗರಿಗಳ ಭಾನುವಾರದ ಗರಿ, ಇವೆಲ್ಲ ಆ ಏಳರ ಸುತ್ತ ಇರುವ ಭಕ್ತಿಯ ವಸ್ತುಗಳು. ಸಂಸ್ಕಾರದಲ್ಲಿ ಕ್ರಿಸ್ತನೇ ಕೆಲಸ ಮಾಡುತ್ತಾನೆ ಎಂಬುದು ನಂಬಿಕೆ. ತೀರ್ಥದ ವಿಷಯ ಬೇರೆ. ಅಲ್ಲಿ ಸಭೆಯ ಪ್ರಾರ್ಥನೆ ಇರುತ್ತದೆ, ಅದನ್ನು ಮುಟ್ಟುವವರ ಮನಸ್ಸೂ ಬೇಕಾಗುತ್ತದೆ. ಮನಸ್ಸಿಲ್ಲದೆ ಚಿಮುಕಿಸಿಕೊಂಡರೆ ಸುಮ್ನೆ ಮೈ ಒದ್ದೆಯಾಗುತ್ತದೆ, ಅಷ್ಟೇ.

ತೀರ್ಥ ಮಾಡುವುದರಲ್ಲಿ ಗುಟ್ಟೇನೂ ಇಲ್ಲ. ಮಾಮೂಲಿ ನೀರಿನ ಮೇಲೆ ಫಾದರ್ ಪ್ರಾರ್ಥನೆ ಹೇಳುತ್ತಾರೆ. ಕೆಲವು ಕಡೆ ಅದಕ್ಕೆ ಉಪ್ಪು ಬೆರೆಸುತ್ತಾರೆ. ಹಳೆಯ ಕ್ರಮದಲ್ಲಿ ಉಪ್ಪು ಬೇಕೇ ಬೇಕಿತ್ತು, ಈಗ ಹಾಕಿದರೂ ಸರಿ, ಬಿಟ್ಟರೂ ಸರಿ. ಪ್ರವಾದಿ ಎಲೀಷ ಜೆರಿಕೋ ಊರಿನ ಕೆಟ್ಟ ನೀರಿಗೆ ಉಪ್ಪು ಹಾಕಿ ಅದನ್ನು ಸರಿಮಾಡಿದ ಕಥೆಯಿಂದ ಬಂದ ರೂಢಿ ಇದು. ವರ್ಷದಲ್ಲಿ ಒಂದು ಸಲ, ಪಾಸ್ಖ (ಈಸ್ಟರ್) ಹಬ್ಬದ ಹಿಂದಿನ ರಾತ್ರಿ, ನೀರಿನ ಆಶೀರ್ವಾದ ದೊಡ್ಡದಾಗಿ ನಡೆಯುತ್ತದೆ. ಆಗಷ್ಟೇ ಹೊಸ ಬೆಂಕಿಯಿಂದ ಹಚ್ಚಿದ ಆಳೆತ್ತರದ ಪಾಸ್ಖ ಮೇಣದಬತ್ತಿಯನ್ನು ಫಾದರ್ ಎರಡೂ ಕೈಯಲ್ಲಿ ಹಿಡಿದು ಬುಡವನ್ನು ನಿಧಾನಕ್ಕೆ ನೀರಿಗೆ ಇಳಿಸುತ್ತಾರೆ. ಮೇಲೆ ಜ್ವಾಲೆ ಅಲುಗಾಡುತ್ತದೆ. ನೀರು ಬತ್ತಿಯ ಸುತ್ತ ಉಬ್ಬಿ ಒಮ್ಮೊಮ್ಮೆ ಪಾತ್ರೆಯಿಂದ ಹೊರಗೂ ಚೆಲ್ಲುತ್ತದೆ. ಪವಿತ್ರಾತ್ಮ ಈ ನೀರಿಗೆ ಇಳಿದು ಬರಲಿ ಎಂದು ಬೇಡುತ್ತಾರೆ. ಆಮೇಲೆ ಆ ನೀರನ್ನು ಎಲ್ಲರ ಮೇಲೆ ಚಿಮುಕಿಸುತ್ತಾ ಬರುತ್ತಾರೆ. ಮುಂದಿನ ಸಾಲಿನವರು, ಕಂಬದ ಹಿಂದೆ ನಿಂತವರು, ಅಪರೂಪಕ್ಕೆ ಚರ್ಚಿಗೆ ಬಂದವರು, ಎಲ್ಲರ ಮುಖಕ್ಕೂ ಹನಿ ಬೀಳುತ್ತದೆ. ನನಗೆ ವರ್ಷದ ಪೂಜೆಗಳಲ್ಲೆಲ್ಲ ಅತಿ ಇಷ್ಟವಾದ ಗಳಿಗೆ ಅದು.

ಸಂಸ್ಕಾರ ಕೊಡುವವನು ಸರಿಯಿಲ್ಲದಿದ್ದರೆ? ಈ ಪ್ರಶ್ನೆ ಹಳೆಯದು, ಮತ್ತೆ ಮತ್ತೆ ಏಳುವಂಥದ್ದು. 303ರಲ್ಲಿ ರೋಮ್ ಚಕ್ರವರ್ತಿ ಡಯೊಕ್ಲೀಶಿಯನ್ ಕ್ರೈಸ್ತರನ್ನು ಹಿಂಸಿಸಲು ಶುರು ಮಾಡಿದಾಗ ಕೆಲವು ಗುರುಗಳು ಹೆದರಿ ಪವಿತ್ರ ಗ್ರಂಥಗಳನ್ನು ಸೈನಿಕರ ಕೈಗೆ ಕೊಟ್ಟುಬಿಟ್ಟರು. ಹಿಂಸೆ ನಿಂತ ಮೇಲೆ ಉತ್ತರ ಆಫ್ರಿಕಾದಲ್ಲಿ ದೊಡ್ಡ ಜಗಳ ಎದ್ದಿತು. ಅಂಥ ದ್ರೋಹಿಗಳು ಕೊಟ್ಟ ಸಂಸ್ಕಾರ ಸಂಸ್ಕಾರವೇ ಅಲ್ಲ ಎಂದು ಡೊನಾಟಿಸ್ಟರು ಬೇರೆಯಾದರು. ನೂರು ವರ್ಷವಾದರೂ ಆ ಒಡಕು ಮುಚ್ಚಲಿಲ್ಲ. ಸಂತ ಅಗಸ್ಟೀನ್ ಇದಕ್ಕೆ ಕೊಟ್ಟ ಉತ್ತರ ನೇರವಾಗಿತ್ತು. ಪೇತ್ರ ಜ್ಞಾನಸ್ನಾನ ಕೊಟ್ಟರೂ ಕೊಡುವವನು ಕ್ರಿಸ್ತ, ಯೇಸುವನ್ನು ಹಿಡಿದುಕೊಟ್ಟ ಯೂದ ಕೊಟ್ಟರೂ ಕೊಡುವವನು ಕ್ರಿಸ್ತ.

ಡೊನಾಟಿಸ್ಟರ ಸಿಟ್ಟು ನನಗೆ ಅರ್ಥವಾಗುತ್ತದೆ. ನಂಬಿದವರೇ ಕೈಕೊಟ್ಟಾಗ ಅವರ ಕೈಯಿಂದ ಏನನ್ನೂ ತಗೊಳ್ಳಲು ಮನಸ್ಸು ಬರುವುದಿಲ್ಲ. ಗುರುಗಳ ಕೆಟ್ಟ ನಡತೆಯ ಸುದ್ದಿ ಓದಿ ಚರ್ಚ್ ಬಿಟ್ಟವರೊಂದಿಗೆ ನಾನು ಮಾತಾಡಿದ್ದೇನೆ. ಅವರ ನೋವನ್ನು ಅಗಸ್ಟೀನನ ಒಂದು ಮಾತು ಕಳೆಯುವುದಿಲ್ಲ. ತಪ್ಪು ಮಾಡಿದವರಿಗೆ ಶಿಕ್ಷೆ ಆಗಲೇಬೇಕು. ಆದರೆ ಅಗಸ್ಟೀನ್ ಯಾರ ಪರ ನಿಂತಿದ್ದ ಅಂತಲೂ ನೋಡಬೇಕು ಅಲ್ವಾ? ತನಗೆ ಸ್ನಾನ ಕೊಟ್ಟವನ ಒಳಗೆ ಏನಿತ್ತು ಎಂದು ತಿಳಿಯಲು ಯಾವ ದಾರಿಯೂ ಇಲ್ಲದ ಒಬ್ಬ ಸಾಮಾನ್ಯ ರೈತನೋ, ತಾಯಿಯೋ, ಅವರ ಪರ. ಕೊಟ್ಟವನು ಕಳ್ಳನಾಗಿದ್ದರೂ ನಿನಗೆ ಸಿಕ್ಕಿದ್ದು ನಿನ್ನದೇ ಎಂದು ಅವನು ಅವರಿಗೆ ಹೇಳಿದ.

ಈ ಧಾರಾಳತನ ಎಲ್ಲಿಯವರೆಗೆ ಹೋಗುತ್ತದೆ ಅಂತ ನೋಡಿದರೆ ಆಶ್ಚರ್ಯವಾಗುತ್ತದೆ. ಸಾವು ಎದುರಿಗಿದ್ದಾಗ ಜ್ಞಾನಸ್ನಾನವನ್ನು ಯಾರು ಬೇಕಾದರೂ ಕೊಡಬಹುದು. ಫಾದರ್ ಬೇಕಿಲ್ಲ. ಗಂಡಸೇ ಆಗಬೇಕಿಲ್ಲ. ಕೊನೆಗೆ ಕ್ರೈಸ್ತರೇ ಆಗಬೇಕೆಂದೂ ಇಲ್ಲ. 866ರಲ್ಲಿ ಬಲ್ಗೇರಿಯಾದವರು ಪೋಪ್ ಒಂದನೇ ನಿಕೋಲಾಸ್ ಅವರಿಗೆ ಒಂದಷ್ಟು ಪ್ರಶ್ನೆ ಕಳಿಸಿದ್ದರು. ಯಹೂದಿಯೊಬ್ಬ ನಮ್ಮ ಎಷ್ಟೋ ಜನಕ್ಕೆ ಜ್ಞಾನಸ್ನಾನ ಕೊಟ್ಟಿದ್ದಾನೆ, ಏನು ಮಾಡೋಣ ಎಂಬುದು ಅದರಲ್ಲಿ ಒಂದು. ತ್ರಿಯೇಕ ದೇವರ ಹೆಸರಲ್ಲಿ ಕೊಟ್ಟಿದ್ದರೆ ಮತ್ತೆ ಕೊಡಬೇಕಿಲ್ಲ ಎಂದು ಪೋಪ್ ಉತ್ತರಿಸಿದರು. ಇಂದಿಗೂ ನಿಯಮ ಅದೇ. ಮೂರು ಸಂಗತಿ ಬೇಕು. ನೀರು, ಆ ಮಾತುಗಳು, ಮತ್ತೆ ಧರ್ಮಸಭೆ ಮಾಡುವುದನ್ನೇ ಮಾಡಬೇಕೆಂಬ ಮನಸ್ಸು. ಯುರೋಪಿನ ಸೂಲಗಿತ್ತಿಯರಿಗೆ ನೂರಾರು ವರ್ಷ ಆ ಮಾತುಗಳನ್ನು ಬಾಯಿಪಾಠ ಮಾಡಿಸುತ್ತಿದ್ದರು. ಬೇರೆಲ್ಲ ಸಂಸ್ಕಾರಗಳ ಸುತ್ತ ಬೇಲಿ ಹಾಕಿದ ಕಾಲದಲ್ಲೇ ಇದೊಂದನ್ನು ಹೆರಿಗೆ ಕೋಣೆಯ ಹೆಂಗಸರ ಕೈಗೆ ಕೊಟ್ಟಿದ್ದರು.

ನನಗೆ ಪರಿಚಯದ ನರ್ಸ್ ಅಕ್ಕ ಒಬ್ಬರಿದ್ದಾರೆ. ದಿನ ತುಂಬದೆ ಹುಟ್ಟಿದ ಕೂಸುಗಳ ವಾರ್ಡಿನಲ್ಲಿ ಕೆಲಸ. ಕೂಸು ಉಳಿಯುವುದಿಲ್ಲ ಅಂತ ಗೊತ್ತಾಗಿ, ಅಪ್ಪ ಅಮ್ಮ ಕೇಳಿಕೊಂಡು, ಫಾದರ್ ಬರುವಷ್ಟು ಹೊತ್ತಿಲ್ಲದಾಗ ಅವರೇ ಜ್ಞಾನಸ್ನಾನ ಕೊಟ್ಟಿದ್ದಾರೆ. ಹೇಗೆ ಅಂತ ಕೇಳಿದೆ. ಸೂಜಿ ತೆಗೆದ ಚಿಕ್ಕ ಸಿರಿಂಜಿನಲ್ಲಿ ಕುದಿಸಿ ಶುದ್ಧ ಮಾಡಿದ ನೀರು ತಗೊಳ್ತಾರಂತೆ. ಅದನ್ನು ಬೆಚ್ಚಗೆ ಮಾಡಿಕೊಳ್ಳುತ್ತಾರೆ, ತಣ್ಣೀರು ಸೋಕಿದರೆ ಅಷ್ಟು ಸಣ್ಣ ಮೈಗೆ ತಡೆಯಲಾಗುವುದಿಲ್ಲ. ಇನ್‌ಕ್ಯುಬೇಟರಿನ ಕಿಂಡಿಯಲ್ಲಿ ಕೈ ತೂರಿಸಿ, ಕೊಳವೆಗಳನ್ನು ತಪ್ಪಿಸಿ, ಹಣೆಯ ಮೇಲೆ ಮೂರು ಸಲ ಹನಿಸುತ್ತಾರೆ. ಒದ್ದೆ ಹತ್ತಿ ಒತ್ತಿದರೆ ಸಾಲದು, ನೀರು ಹರಿಯಬೇಕು. ಪಿತನ, ಸುತನ ಮತ್ತು ಪವಿತ್ರಾತ್ಮರ ನಾಮದಲ್ಲಿ ನಾನು ನಿನಗೆ ಜ್ಞಾನಸ್ನಾನ ಕೊಡುತ್ತೇನೆ. ಒಂದು ಟೀ ಚಮಚದಷ್ಟು ನೀರೂ ಖರ್ಚಾಗುವುದಿಲ್ಲ ಅಂದರು. ಅದು ತೀರ್ಥವೂ ಆಗಿರಬೇಕಿಲ್ಲ, ಬರೀ ನೀರು ಸಾಕು. ಮಹಾ ದೇವಾಲಯದಲ್ಲಿ ಬಿಷಪ್ಪರು ಕೊಡುವ ಸ್ನಾನಕ್ಕೂ ಇದಕ್ಕೂ ಎಳ್ಳಷ್ಟೂ ವ್ಯತ್ಯಾಸವಿಲ್ಲ. ಇದು ದಿದಾಖೆ ಬರೆದವರಿಗೆ ಒಪ್ಪಿಗೆಯಾಗುತ್ತಿತ್ತು.

ಆರ್ಥೊಡಾಕ್ಸರಂಥ ಪೂರ್ವದ ಸಭೆಗಳಲ್ಲಿ ನೀರಿನ ಸಂಭ್ರಮ ಇನ್ನೂ ದೊಡ್ಡದು. ಯೇಸು ಜೋರ್ಡನ್ನಿನಲ್ಲಿ ಸ್ನಾನ ಮಾಡಿದ ದಿನವನ್ನು ಜನವರಿ 6ರಂದು, ಹಳೆಯ ಪಂಚಾಂಗದವರು ಜನವರಿ 19ರಂದು ಆಚರಿಸುತ್ತಾರೆ. ಅವತ್ತು ಹೊಳೆಯನ್ನೇ, ಸಮುದ್ರವನ್ನೇ ಆಶೀರ್ವದಿಸುತ್ತಾರೆ. ಜನ ಬಿಂದಿಗೆ, ಬಾಟಲಿಗಳಲ್ಲಿ ನೀರು ತುಂಬಿಕೊಂಡು ಹೋಗುತ್ತಾರೆ. ವರ್ಷವಿಡೀ ಮನೆಯಲ್ಲಿಟ್ಟುಕೊಂಡು ಒಂದೊಂದು ಗುಟುಕು ಕುಡಿಯುತ್ತಾರೆ. ಈ ರೂಢಿ ಎಷ್ಟು ಹಳೆಯದೆಂದರೆ, 387ರಲ್ಲಿ ಅಂತಿಯೋಕ್ಯದಲ್ಲಿ ಸಂತ ಯೊವಾನ್ ಕ್ರಿಸೊಸ್ತೊಮ್ ಮಾಡಿದ ಪ್ರವಚನದಲ್ಲೇ ಇದರ ಮಾತು ಬರುತ್ತದೆ. ನಡುರಾತ್ರಿ ಜನ ನೀರು ಹೊತ್ತುಕೊಂಡು ಹೋಗುತ್ತಾರೆ, ಎರಡು ಮೂರು ವರ್ಷವಾದರೂ ಅದು ಕೆಡುವುದಿಲ್ಲ ಎನ್ನುತ್ತಾನೆ. ಇಥಿಯೋಪಿಯಾದಲ್ಲಿ ಇದೇ ಹಬ್ಬದ ಹೆಸರು ತಿಮ್ಕತ್. ಗೊಂಡರ್ ನಗರದ ಹಳೆಯ ಅರಸು ಕೊಳದ ನೀರನ್ನು ಆಶೀರ್ವದಿಸಿ ಜನರ ಮೇಲೆ ಎರಚುತ್ತಾರೆ, ಹುಡುಗರು ನೀರಿಗೇ ಹಾರುತ್ತಾರೆ. 2019ರಲ್ಲಿ ಯುನೆಸ್ಕೋ ಈ ಹಬ್ಬವನ್ನು ತನ್ನ ಪರಂಪರೆಯ ಪಟ್ಟಿಗೆ ಸೇರಿಸಿತು.

ಹಾಗಂತ ಇತಿಹಾಸವೆಲ್ಲ ಹೀಗೇ ಉದಾರವಾಗಿತ್ತು ಅಂದರೆ ಸುಳ್ಳಾಗುತ್ತದೆ. 1236ರಲ್ಲಿ ಇಂಗ್ಲೆಂಡಿನ ಕ್ಯಾಂಟರ್‌ಬರಿಯ ಆರ್ಚ್‌ಬಿಷಪ್ ಎಡ್ಮಂಡ್, ಜ್ಞಾನಸ್ನಾನದ ತೊಟ್ಟಿಗಳಿಗೆ ಮುಚ್ಚಳ ಹಾಕಿ ಬೀಗ ಜಡಿಯಬೇಕೆಂದು ಆಜ್ಞೆ ಮಾಡಿದರು. ಜನ ಆ ನೀರನ್ನು ಕದ್ದು ಮಾಟಕ್ಕೆ ಬಳಸುತ್ತಾರೆ ಎಂಬ ಭಯ. ಆ ಭಯಕ್ಕೆ ಕಾರಣ ಇತ್ತು ಅಂತಲೇ ಇಟ್ಟುಕೊಳ್ಳೋಣ. ಆದರೂ ನೀರಿಗೆ ಬೀಗ ಎನ್ನುವುದು ನನಗೆ ಒಳಗೆ ಚುಚ್ಚುತ್ತದೆ. ಕಾಯಿಲೆ ಬಿದ್ದ ಮಗುವಿಗೆ, ಹಾಲು ಬತ್ತಿದ ಹಸುವಿಗೆ ಅಂತ ಒಯ್ದವರೂ ಆ ಕಳ್ಳರಲ್ಲಿ ಇದ್ದಿರಬಹುದು.

ಸ್ವಿಟ್ಜರ್ಲೆಂಡಿನ ಜೂರಿಕ್‌ನಲ್ಲಿ ನಡೆದದ್ದು ಇದಕ್ಕಿಂತ ಘೋರ. 1525ರಲ್ಲಿ ಅಲ್ಲಿ ಕೆಲವರು, ಕೂಸಿಗೆ ಕೊಟ್ಟ ಸ್ನಾನ ಸ್ನಾನವಲ್ಲ, ನಂಬಿಕೆ ಬಂದ ಮೇಲೆ ತಗೊಳ್ಳುವುದೇ ನಿಜವಾದ ಜ್ಞಾನಸ್ನಾನ ಎಂದು ಮತ್ತೆ ಸ್ನಾನ ಮಾಡಿಸಿಕೊಂಡರು. ಅವರಲ್ಲಿ ಒಬ್ಬ ಫೆಲಿಕ್ಸ್ ಮಾಂಜ್. 1527ರ ಜನವರಿ 5ರಂದು ನಗರಸಭೆ ಅವನ ಕೈಕಾಲು ಕಟ್ಟಿಸಿ ಲಿಮ್ಮತ್ ನದಿಯಲ್ಲಿ ಮುಳುಗಿಸಿ ಕೊಂದಿತು. ಕೊಂದವರೂ ಪ್ರೊಟೆಸ್ಟೆಂಟ್ ಸುಧಾರಣೆಯ ಕಡೆಯವರೇ, ರೋಮಿನ ಕಟ್ಟುಪಾಡಿನಿಂದ ಆಗಷ್ಟೇ ಬಿಡಿಸಿಕೊಂಡವರು. ಕೂಸುಗಳಿಗೆ ಸ್ನಾನ ಕೊಡುವುದು ಸರಿ ಎಂದು ನಾನು ನಂಬುತ್ತೇನೆ. ಕೃಪೆ ನಮ್ಮ ಬುದ್ಧಿ ಬಲಿಯುವವರೆಗೆ ಕಾಯುವುದಿಲ್ಲ. ಆದರೆ ಆ ನಂಬಿಕೆಯನ್ನು ಉಳಿಸಲು ಒಬ್ಬ ಮನುಷ್ಯನನ್ನು ಅದೇ ನೀರಿನಲ್ಲಿ ಕೊಂದದ್ದಕ್ಕೆ ಯಾವ ಸಮರ್ಥನೆಯೂ ಇಲ್ಲ. 2004ರಲ್ಲಿ ಜೂರಿಕ್‌ನ ರಿಫಾರ್ಮ್ಡ್ ಸಭೆ ಇದಕ್ಕೆ ಕ್ಷಮೆ ಕೇಳಿತು. ನದಿಯ ದಡದಲ್ಲಿ ಒಂದು ಫಲಕ ಹಾಕಿದ್ದಾರೆ.

ಇತ್ತೀಚಿನ ಸಂಗತಿಯೊಂದು ನನ್ನನ್ನು ಜಾಸ್ತಿ ಕಾಡಿದೆ. 2020ರ ಆಗಸ್ಟಿನಲ್ಲಿ ವ್ಯಾಟಿಕನ್ ಒಂದು ತೀರ್ಪು ಹೊರಡಿಸಿತು. ‘ನಾನು ನಿನಗೆ ಜ್ಞಾನಸ್ನಾನ ಕೊಡುತ್ತೇನೆ’ ಅನ್ನುವ ಬದಲು ‘ನಾವು ಕೊಡುತ್ತೇವೆ’ ಅಂದಿದ್ದರೆ ಅದು ಜ್ಞಾನಸ್ನಾನವೇ ಅಲ್ಲ, ಮತ್ತೆ ಕೊಡಬೇಕು. ಅಮೆರಿಕದಲ್ಲಿ ಒಬ್ಬ ಯುವ ಗುರು ತನ್ನದೇ ಜ್ಞಾನಸ್ನಾನದ ಹಳೇ ವಿಡಿಯೋ ನೋಡಿದಾಗ ಅದರಲ್ಲಿ ‘ನಾವು’ ಎಂದಿತ್ತು. ಜ್ಞಾನಸ್ನಾನ ಇಲ್ಲದಿದ್ದರೆ ಗುರುದೀಕ್ಷೆಯೂ ಇಲ್ಲ. ಅವರು ಎಲ್ಲವನ್ನೂ ಮೊದಲಿನಿಂದ ಪಡೆಯಬೇಕಾಯಿತು. 2022ರಲ್ಲಿ ಅರಿಜೋನಾದ ಫೀನಿಕ್ಸ್ ಧರ್ಮಪ್ರಾಂತ್ಯದಲ್ಲಿ ಇನ್ನೊಬ್ಬ ಗುರು ಹಲವು ವರ್ಷ ಹೀಗೇ ಹೇಳುತ್ತಾ ಬಂದಿದ್ದರೆಂದು ಗೊತ್ತಾಯಿತು. ಸಾವಿರಾರು ಜನ ಮತ್ತೆ ಸ್ನಾನ ಪಡೆಯಬೇಕಾಯಿತು.

ವ್ಯಾಟಿಕನ್ನಿನ ಕಾರಣ ತೆಗೆದುಹಾಕುವಂಥದ್ದಲ್ಲ. ಸ್ನಾನ ಕೊಡುವವನು ಕ್ರಿಸ್ತ, ಗುರುವಿನ ಬಾಯಲ್ಲಿ ಬರುವ ‘ನಾನು’ ಅವನದು, ಅಲ್ಲಿ ಸೇರಿದವರದಲ್ಲ. ಇದು ಅಗಸ್ಟೀನನ ಮಾತೇ. ಗುರುಗಳು ತಮ್ಮಿಷ್ಟದಂತೆ ಮಾತು ಬದಲಾಯಿಸುತ್ತಾ ಹೋದರೆ ಜನ ಯಾವುದನ್ನು ನೆಚ್ಚಿಕೊಳ್ಳಬೇಕು? ಕಟ್ಟುನಿಟ್ಟು ಇರುವುದೂ ಜನರಿಗಾಗಿಯೇ. ಆದರೆ ಆ ವರ್ಷಗಳಲ್ಲಿ ತೀರಿಹೋದವರ ಮನೆಯವರು ಅವತ್ತು ರಾತ್ರಿ ಹೇಗೆ ಮಲಗಿರಬೇಕು? ಅವರಿಗೆ 392ರ ಒಂದು ಮಾತನ್ನು ಯಾರಾದರೂ ಗಟ್ಟಿಯಾಗಿ ಹೇಳಬೇಕಿತ್ತು. ಆ ವರ್ಷ ಇಪ್ಪತ್ತರ ಹರೆಯದ ಚಕ್ರವರ್ತಿ ಎರಡನೇ ವ್ಯಾಲೆಂಟೀನಿಯನ್ ಜ್ಞಾನಸ್ನಾನ ಆಗುವ ಮೊದಲೇ ಸತ್ತ. ಅಳುತ್ತಿದ್ದ ಅವನ ಅಕ್ಕತಂಗಿಯರಿಗೆ ಮಿಲಾನಿನ ಬಿಷಪ್ ಸಂತ ಅಂಬ್ರೋಸ್ ಸಮಾಧಾನ ಹೇಳಿದರು. ಅವನು ಅದನ್ನು ಬಯಸಿದ್ದ, ಕೇಳಿದ್ದ, ಕೇಳಿದ್ದಕ್ಕೇ ಅದು ಅವನಿಗೆ ಸಿಕ್ಕಿದೆ. ಕಥೋಲಿಕ ಧರ್ಮೋಪದೇಶವೂ ಇದನ್ನೇ ಹೇಳುತ್ತದೆ, ದೇವರು ತನ್ನ ಸಂಸ್ಕಾರಗಳಿಗೆ ತಾನೇ ಕಟ್ಟುಬಿದ್ದಿಲ್ಲ ಎಂದು. ನಿಯಮ ಹೇಳುವಷ್ಟೇ ದೊಡ್ಡ ದನಿಯಲ್ಲಿ ಇದನ್ನೂ ಹೇಳಬೇಕು.

ತೀರ್ಥ ಅಂದರೆ ಔಷಧ ಎಂದುಕೊಳ್ಳುವುದು ಇನ್ನೊಂದು ತೊಡಕು. 2013ರಲ್ಲಿ ವಿಯೆನ್ನಾದ ವೈದ್ಯಕೀಯ ವಿಶ್ವವಿದ್ಯಾಲಯದವರು ಆಸ್ಟ್ರಿಯಾದ ಪವಿತ್ರ ಚಿಲುಮೆಗಳ, ಚರ್ಚ್ ಬಟ್ಟಲುಗಳ ನೀರನ್ನು ಪರೀಕ್ಷಿಸಿದ ಸುದ್ದಿ ಬಂತು. ಬಹುಪಾಲು ಚಿಲುಮೆಗಳ ನೀರು ಕುಡಿಯಲು ಯೋಗ್ಯವಾಗಿರಲಿಲ್ಲ. ಇದರಿಂದ ನಂಬಿಕೆಗೆ ಪೆಟ್ಟೇನೂ ಬೀಳಬೇಕಿಲ್ಲ. ಆಶೀರ್ವಾದ ಮಾಡಿದ ಮೇಲೂ ನೀರು ನೀರೇ. ಬಟ್ಟಲನ್ನು ತೊಳೆಯಬೇಕು, ನೀರು ಬದಲಾಯಿಸಬೇಕು. 2020ರ ಸೋಂಕಿನ ದಿನಗಳಲ್ಲಿ ಎಷ್ಟೋ ಚರ್ಚುಗಳು ಬಟ್ಟಲನ್ನು ಖಾಲಿ ಮಾಡಿದ್ದು ಸರಿಯಾದ ಕೆಲಸವೇ. ಒಣ ಕಲ್ಲಿಗೆ ಬೆರಳು ತಾಗಿದಾಗ ನನಗೆ ಬೇಸರವಾಗಿತ್ತು, ನಿಜ.

ಫ್ರಾನ್ಸಿನ ಯಾತ್ರಾಸ್ಥಳ ಲೂರ್ದ್ ಈ ವಿಷಯದಲ್ಲಿ ಒಳ್ಳೆಯ ಪಾಠ. 1858ರ ಫೆಬ್ರವರಿ 25ರಂದು ಮಾತೆ ಮರಿಯಳ ದರ್ಶನ ಕಂಡಳೆನ್ನುವ ಹದಿನಾಲ್ಕು ವರ್ಷದ ಹುಡುಗಿ ಬೆರ್ನದೆತ್ ಅಲ್ಲಿನ ಗವಿಯ ನೆಲವನ್ನು ಕೈಯಲ್ಲಿ ಕೆದಕಿದಳು. ಮೊದಲು ಕೆಸರು ಬಂತು, ಅದನ್ನೇ ಬಾಯಿಗೆ ಹಾಕಿಕೊಂಡಳು. ನೋಡುತ್ತಿದ್ದವರು ಹುಚ್ಚಿ ಅಂದರು. ಆಮೇಲೆ ನೀರು ತಿಳಿಯಾಯಿತು. ಅದೇ ವರ್ಷ ತುಲೂಜಿನ ರಸಾಯನಶಾಸ್ತ್ರದ ಪ್ರಾಧ್ಯಾಪಕರೊಬ್ಬರು ಪರೀಕ್ಷೆ ಮಾಡಿ, ಇದು ಸಾಮಾನ್ಯ ಕುಡಿಯುವ ನೀರು, ವಿಶೇಷ ಔಷಧ ಗುಣವೇನೂ ಇಲ್ಲ ಎಂದು ವರದಿ ಕೊಟ್ಟರು. ಧರ್ಮಸಭೆ ಅದನ್ನು ಮುಚ್ಚಿಡಲಿಲ್ಲ. ಇಷ್ಟು ವರ್ಷಗಳಲ್ಲಿ ಗುಣವಾಯಿತೆಂದು ಹೇಳಿಕೊಂಡವರು ಸಾವಿರಾರು ಜನ, ಪವಾಡವೆಂದು ಒಪ್ಪಿದ್ದು ಕೆಲವೇ ಡಜನ್. ನಂಬಿಕೆ ಇಲ್ಲದಿದ್ದರೆ ಆ ನೀರಿನಿಂದ ಏನೂ ಆಗದು ಎಂದು ಬೆರ್ನದೆತ್ ಹೇಳುತ್ತಿದ್ದಳು. ಅವಳೇ ಜೀವನವಿಡೀ ಕಾಯಿಲೆಯಲ್ಲಿ ನರಳಿ 35ನೇ ವಯಸ್ಸಿಗೆ ತೀರಿಕೊಂಡಳು. ನಾನು ಲೂರ್ದನ್ನು ನಂಬುವುದಕ್ಕೆ ಪವಾಡಗಳಿಗಿಂತ ಇದು ದೊಡ್ಡ ಕಾರಣ.

ನೀರೇ ಬೇಡ ಎಂದವರೂ ಇದ್ದಾರೆ. ಕ್ವೇಕರರು ಎಂಬ ಕ್ರೈಸ್ತ ಪಂಗಡದವರು ಒಳಗಿನ ಸ್ನಾನ ಸಾಕು ಎನ್ನುತ್ತಾರೆ. ಬಡವರ ಸೇವೆ ಮಾಡುವ ಕ್ರೈಸ್ತ ಪಂಗಡ ಸಾಲ್ವೇಷನ್ ಆರ್ಮಿ 1883ರಲ್ಲಿ ಸಂಸ್ಕಾರಗಳನ್ನು ಕೈಬಿಟ್ಟಿತು. ಅವರ ಸೇವೆಯ ಮುಂದೆ ನಾನು ತಲೆಬಾಗುತ್ತೇನೆ. ಆದರೆ ನನಗೆ ಮೈ ಇದೆ. ಮನಸ್ಸು ಒಣಗಿದ ದಿನ ಬೆರಳಿಗೆ ತಾಗುವ ಏನಾದರೂ ಬೇಕು.

ಬಲಿಪೂಜೆಯಲ್ಲಿ ಒಂದು ಚಿಕ್ಕ ಕ್ರಿಯೆ ಇದೆ. ಹಿಂದಿನ ಸಾಲಿನವರಿಗೆ ಕಾಣುವುದೂ ಇಲ್ಲ. ದ್ರಾಕ್ಷಾರಸ ತುಂಬಿದ ಪಾತ್ರೆಗೆ ಫಾದರ್ ಒಂದೆರಡು ಹನಿ ನೀರು ಹಾಕುತ್ತಾರೆ. ಮೂರನೇ ಶತಮಾನದಲ್ಲಿ ಕಾರ್ಥೇಜಿನ ಬಿಷಪ್ ಸಿಪ್ರಿಯನ್ ಒಂದು ಪತ್ರದಲ್ಲಿ ಅದರ ಅರ್ಥ ಹೇಳಿದ್ದಾರೆ. ದ್ರಾಕ್ಷಾರಸ ಕ್ರಿಸ್ತ, ನೀರು ಜನ. ಬೆರೆತ ಮೇಲೆ ಯಾರೂ ಅದನ್ನು ಬೇರೆ ಮಾಡಲಾಗದು. ಅರ್ಮೇನಿಯಾದ ಸಭೆ ನೀರು ಬೆರೆಸುವುದಿಲ್ಲ, ಅವರಿಗೆ ಅವರದೇ ಕಾರಣಗಳಿವೆ. ನನಗಂತೂ ಆ ಹನಿ ಬೀಳುವುದನ್ನು ನೋಡದೆ ಪೂಜೆ ಪೂರ್ತಿಯಾಗುವುದಿಲ್ಲ.

2007ರ ಏಪ್ರಿಲ್ 29ರಂದು ಜರ್ಮನಿಯ ಮಗ್ಡೆಬರ್ಗ್‌ನಲ್ಲಿ 11 ಸಭೆಗಳು ಪರಸ್ಪರರ ಜ್ಞಾನಸ್ನಾನವನ್ನು ಒಪ್ಪಿಕೊಂಡು ಸಹಿ ಹಾಕಿದವು. ಕಥೋಲಿಕರು, ಪ್ರೊಟೆಸ್ಟೆಂಟರು, ಆರ್ಥೊಡಾಕ್ಸರು, ಅರ್ಮೇನಿಯನ್ನರು, ಇಥಿಯೋಪಿಯನ್ನರು, ಎಲ್ಲರೂ ಇದ್ದರು. ಕೂಸಿಗೆ ಕೊಟ್ಟ ಸ್ನಾನವನ್ನು ಒಪ್ಪದ ಬ್ಯಾಪ್ಟಿಸ್ಟರು, ಮೆನ್ನೊನೈಟರು ಸಹಿ ಹಾಕಲಿಲ್ಲ. ಮಾಂಜ್‌ನ ಪ್ರಶ್ನೆ ಅವರಿಗೆ ಇನ್ನೂ ಜೀವಂತ. ಸಹಿ ಹಾಕಿದವರಾದರೂ ಪರಮಪ್ರಸಾದದ ಮೇಜಿನ ಬಳಿ ಇನ್ನೂ ಬೇರೆ ಬೇರೆ. 2018ರಲ್ಲಿ ಜರ್ಮನಿಯ ಕಥೋಲಿಕ ಬಿಷಪ್ಪರು, ಕಥೋಲಿಕರನ್ನು ಮದುವೆಯಾದ ಪ್ರೊಟೆಸ್ಟೆಂಟರಿಗೆ ಕೆಲವು ಸಂದರ್ಭಗಳಲ್ಲಿ ಪರಮಪ್ರಸಾದ ಕೊಡಬಹುದೆಂದು ಮುಂದಾದಾಗ ಅವರಲ್ಲೇ ಕೆಲವರು ರೋಮಿಗೆ ದೂರು ಬರೆದರು. ಮೇಜು ಒಂದಾಗಬೇಕಾದರೆ ನಂಬಿಕೆ ಮೊದಲು ಒಂದಾಗಬೇಕು ಎಂಬ ಅವರ ವಾದ ನನಗೆ ಗೊತ್ತು. ಅದನ್ನು ಹಗುರವಾಗಿ ತಗೊಳ್ಳುವುದೂ ಇಲ್ಲ. ಆದರೆ ಗಂಡ ಎದ್ದು ಸಾಲಿಗೆ ಹೋಗುತ್ತಾನೆ, ಹೆಂಡತಿ ಬೆಂಚಿನಲ್ಲೇ ಕೂರುತ್ತಾಳೆ, ಮಕ್ಕಳು ಇಬ್ಬರ ಮುಖವನ್ನೂ ನೋಡುತ್ತವೆ. ಇಬ್ಬರ ತಲೆ ಮೇಲೂ ಬಿದ್ದದ್ದು ಒಂದೇ ನೀರು ಎಂದು ನಮ್ಮ ಬಿಷಪ್ಪರೇ ಸಹಿ ಹಾಕಿ ಒಪ್ಪಿದ್ದಾರೆ. ಹಾಗಿದ್ದ ಮೇಲೆ ಆಕೆ ಇನ್ನೂ ಎಷ್ಟು ವರ್ಷ ಕೂತಿರಬೇಕು ಎಂದು ಅವರನ್ನು ಕೇಳುತ್ತಲೇ ಇರುವುದು ನಮ್ಮೆಲ್ಲರ ಕೆಲಸ.